ತಡವಾದ ಹಣದ ಬಡ್ಡಿ ಯಾರದು?

ಹೈದರಾಬಾದಿನ ವಜೀಫೆಯಿಂದ ನಿವೃತ್ತಿ ವೇತನದ ಹಕ್ಕಿನವರೆಗೆ

ದುಡಿದವನಿಗೆ ಸಲ್ಲತಕ್ಕ ಹಣವು ಸಲ್ಲಬೇಕಾದ ದಿನದಂದು ಸಲ್ಲದೆ ಹೋದಲ್ಲಿ, ಆ ತಡವಾದ ಅವಧಿಯ ಬಡ್ಡಿಯು ಯಾರ ಪಾಲಿಗೆ ಬರಬೇಕು? ಮೇಲುನೋಟಕ್ಕೆ ಇದು ಲೆಕ್ಕಪತ್ರದ ಗುಮಾಸ್ತರಿಗೆ ಬಿಡಬಹುದಾದ ಸಣ್ಣ ಪ್ರಶ್ನೆಯೆಂದು ತೋರೀತು. ಆದರೆ ಈ ಪ್ರಶ್ನೆಯನ್ನು ಕೇಳುವುದು ಸಾಧ್ಯವಾಗಬೇಕಾದರೆ ಮೊದಲು ಎರಡು ಸಂಗತಿಗಳು ಸಿದ್ಧವಾಗಿರಬೇಕು. ಆ ಹಣವು ಕೊಡುವವನ ಕೃಪೆಯಾಗಿರದೆ ಪಡೆಯುವವನ ಸೊತ್ತಾಗಿರಬೇಕು. ಅದು ಇಂಥ ದಿನ ಸಲ್ಲಬೇಕೆಂಬ ಗೊತ್ತು ಇರಬೇಕು. ಕೃಪೆಗೆ ಗಡುವಿಲ್ಲ, ಗಡುವಿಲ್ಲದಲ್ಲಿ ವಿಳಂಬವೆಂಬ ಮಾತಿಲ್ಲ, ವಿಳಂಬವಿಲ್ಲದಲ್ಲಿ ಬಡ್ಡಿಯೂ ಇಲ್ಲ. ನಿವೃತ್ತ ನೌಕರರ ಬಡ್ಡಿಯ ವ್ಯಾಜ್ಯಗಳ ಚರಿತ್ರೆಯೆಂದರೆ ಈ ಎರಡು ಸಂಗತಿಗಳು ಭಾರತದ ನ್ಯಾಯಪದ್ಧತಿಯಲ್ಲಿ ಮೆಲ್ಲಮೆಲ್ಲನೆ ನೆಲೆಗೊಂಡ ಚರಿತ್ರೆಯೇ ಆಗಿದೆ.

ಈ ಚರಿತ್ರೆಯನ್ನು ಪರಾಮರ್ಶಿಸುವುದಕ್ಕೆ ಹೈದರಾಬಾದು ನಗರದ ಅಬಿಡ್ಸ್ ತಕ್ಕ ಸ್ಥಳವಾಗಿದೆ. ಆರನೆಯ ನಿಜಾಮ ಮೀರ್ ಮಹಬೂಬ್ ಅಲಿ ಖಾನನ ಸೇವೆಯಲ್ಲಿದ್ದ ಆಲ್ಬರ್ಟ್ ಅಬಿದ್ ಎಂಬಾತನ ಅಂಗಡಿಯಿಂದ ಈ ಬೀದಿಗೆ ಹೆಸರು ಬಂದಿತೆಂಬುದು ಪ್ರಸಿದ್ಧ ಸಂಗತಿ. ಇಲ್ಲಿಯ ಪ್ರಧಾನ ಅಂಚೆ ಕಚೇರಿಯಿಂದ ತುಸು ದೂರದಲ್ಲಿ ಗನ್ ಫೌಂಡ್ರಿ ಇದೆ. ಫ್ರೆಂಚ್ ಸೇನಾನಿ ರೇಮಂಡನು ಫಿರಂಗಿ ಎರಕ ಹೊಯ್ಯಿಸಿದ ಆ ಸ್ಥಳದಲ್ಲಿ 1942ರ ಏಪ್ರಿಲ್ 5ರಂದು ಹೈದರಾಬಾದು ಸ್ಟೇಟ್ ಬ್ಯಾಂಕು ತನ್ನ ಕೆಲಸವನ್ನು ಆರಂಭಿಸಿತು. ಇನ್ನೊಂದು ಕಡೆಗೆ ಕೋಠಿಯಲ್ಲಿ ಬ್ರಿಟಿಷ್ ರೆಸಿಡೆನ್ಸಿಯ ಭವ್ಯ ಕಟ್ಟಡ; ಅದರಿಂದ ಮುಂದಕ್ಕೆ ಸಾಹುಕಾರರ ನೆಲೆಯಾಗಿದ್ದ ಬೇಗಂ ಬಜಾರು. ಹೀಗೆ ಅರಸನ ಖಜಾನೆ, ಸಾಲ ಕೊಟ್ಟವರ ಪೇಟೆ, ಸಾಲಕ್ಕೆ ಭೂಮಿಯನ್ನು ಬರೆಸಿಕೊಂಡವರ ದಿವಾಣಖಾನೆ ಇವೆಲ್ಲವೂ ಒಂದೆರಡು ಮೈಲಿಗಳ ಒಳಗೇ ಇದ್ದವು.

ಬಾಕಿ ಸಂಬಳ ಮತ್ತು ರಾಯಚೂರು ದೋಆಬ್

ಹತ್ತೊಂಬತ್ತನೆಯ ಶತಮಾನದ ಪೂರ್ವಾರ್ಧದಲ್ಲಿ ನಿಜಾಮನ ಸಂಸ್ಥಾನವನ್ನು ಕಾಡಿದ ದೊಡ್ಡ ರೋಗವೆಂದರೆ ಬಾಕಿ ಸಂಬಳ. ಸಿಪಾಯಿಗಳಿಗೆ ತಿಂಗಳುಗಟ್ಟಲೆ ಸಂಬಳ ಸಲ್ಲುತ್ತಿರಲಿಲ್ಲ. ಸಂಬಳವನ್ನು ಕೊಡಲು ಸರಕಾರವು ಸಾಹುಕಾರರ ಬಾಗಿಲಿಗೆ ಹೋಗುತ್ತಿದ್ದಿತು; ಸಾಹುಕಾರನು ಬಡ್ಡಿಯನ್ನು ಸೇರಿಸಿ ಮುಂದಿನ ಕಂದಾಯವನ್ನು ಬರೆಯಿಸಿಕೊಳ್ಳುತ್ತಿದ್ದನು. 1814ರಲ್ಲಿ ವಿಲಿಯಂ ಪಾಮರನು ಹೈದರಾಬಾದಿನಲ್ಲಿ ಸ್ಥಾಪಿಸಿದ ಪಾಮರ್ ಕಂಪನಿಯು ಈ ವ್ಯವಹಾರದಲ್ಲಿ ಎಲ್ಲರನ್ನೂ ಮೀರಿಸಿತು. ದೇಶೀಯ ಅರಸರಿಗೆ ಬ್ರಿಟಿಷ್ ಪ್ರಜೆಗಳು ಸಾಲ ಕೊಡಬಾರದೆಂಬ ನಿಷೇಧವಿದ್ದಾಗ್ಯೂ 1816ರಲ್ಲಿ ಗವರ್ನರ್ ಜನರಲ್ ಹೇಸ್ಟಿಂಗ್ಸನಿಂದ ಅದು ವಿನಾಯಿತಿಯನ್ನು ಪಡೆಯಿತು. ಪಡೆಗಳ ಸಂಬಳಕ್ಕೆಂದು ಮುಂಗಡ ಕೊಟ್ಟು ಶೇಕಡ ಸುಮಾರು 24-25ರಂತೆ ಬಡ್ಡಿ ಎಣಿಸಿತು. 1820ರ ವೇಳೆಗೆ ಅರುವತ್ತು ಲಕ್ಷ ರೂಪಾಯಿಗಳ ಒಂದೇ ಸಾಲದ ಮಾತು ನಡೆಯಿತು. ರೆಸಿಡೆಂಟನಾಗಿ ಬಂದ ಚಾರ್ಲ್ಸ್ ಮೆಟ್ಕಾಫನು ಈ ಲೆಕ್ಕಗಳನ್ನು ಬಯಲಿಗೆಳೆದ ತರುವಾಯ ಕಂಪನಿಯು ಕುಸಿಯಿತು.

ಆದರೆ ರೋಗವು ಅಲ್ಲಿಗೆ ನಿಲ್ಲಲಿಲ್ಲ. ಬ್ರಿಟಿಷ್ ಅಧಿಕಾರಿಗಳ ಕೈಕೆಳಗಿದ್ದ ಕಂಟಿಂಜೆಂಟ್ ಪಡೆಯ ಸಂಬಳವನ್ನು ನಿಜಾಮನು ಕೊಡಲಾರದೆ ಹೋದಾಗಲೆಲ್ಲ ರೆಸಿಡೆನ್ಸಿಯ ಖಜಾನೆಯಿಂದ ಅದನ್ನು ಕೊಟ್ಟು, ಬಡ್ಡಿ ಸಹಿತ ನಿಜಾಮನ ಹೆಸರಿಗೆ ಖರ್ಚು ಬರೆಯುತ್ತ ಬಂದರು. 1853ರ ಹೊತ್ತಿಗೆ ಈ ಋಣವು ಅರ್ಧ ಕೋಟಿ ರೂಪಾಯಿಯ ಸಮೀಪಕ್ಕೆ ಬೆಳೆದಿದ್ದಿತು. ಆ ವರ್ಷದ ಮೇ ತಿಂಗಳಿನ ಒಪ್ಪಂದದ ಪ್ರಕಾರ ವರಾಡ ಪ್ರಾಂತದೊಡನೆ, ಕೃಷ್ಣಾ ತುಂಗಭದ್ರೆಗಳ ನಡುವಣ ರಾಯಚೂರು ದೋಆಬ್ ಎಂಬ ಅಚ್ಚ ಕನ್ನಡ ಸೀಮೆಯೂ ಬ್ರಿಟಿಷರ ವಶಕ್ಕೆ ಹೋಯಿತು. 1860ರ ಒಪ್ಪಂದದಲ್ಲಿ ಆ ಋಣವನ್ನು ರದ್ದುಪಡಿಸಿ ದೋಆಬನ್ನು ಹಿಂದಕ್ಕೆ ಕೊಡಲಾಯಿತು. ಜೊತೆಗೆ ಸುರಪುರವೂ ನಿಜಾಮನಿಗೆ ದೊರೆಯಿತು. ಏಳು ವರ್ಷಗಳ ಕಾಲ ಕನ್ನಡ ನಾಡಿನ ಒಂದು ಭಾಗವು ಒತ್ತೆಯಾಗಿ ಉಳಿದುದಕ್ಕೆ ಮೂಲವು ಸಕಾಲದಲ್ಲಿ ಸಲ್ಲದ ಸಂಬಳ.

ಇಲ್ಲಿ ಗಮನಿಸತಕ್ಕ ಸಂಗತಿ ಒಂದಿದೆ. ಈ ಎಲ್ಲ ವ್ಯವಹಾರದಲ್ಲಿ ವಿಳಂಬಕ್ಕೆ ಬಡ್ಡಿ ಇದ್ದೇ ಇದ್ದಿತು. ಆದರೆ ಅದು ಕಾದವನಿಗೆ ಬರಲಿಲ್ಲ. ನಡುವೆ ಹಣ ಹಾಕಿದವನಿಗೆ ಬಂದಿತು. ಸಂಬಳಕ್ಕೆ ಕಾದ ಸಿಪಾಯಿಯೇ ತನ್ನ ಹೊಟ್ಟೆಪಾಡಿಗಾಗಿ ಇನ್ನೊಬ್ಬ ಸಾಹುಕಾರನಿಗೆ ಬಡ್ಡಿ ತೆರಬೇಕಾಗಿದ್ದಿತು. ವಿಳಂಬವು ಒಬ್ಬನಿಗೆ ನಷ್ಟವಾಗಿ ಮತ್ತೊಬ್ಬನಿಗೆ ಲಾಭವಾಗುವ ಈ ಏರ್ಪಾಡನ್ನು ತಿರುಗಿಸಿ, ಬಡ್ಡಿಯು ಕಾದವನಿಗೇ ಸೇರಬೇಕೆಂದು ಹೇಳುವುದಕ್ಕೆ ನ್ಯಾಯಾಲಯಗಳಿಗೆ ಇನ್ನೂ ನೂರು ವರ್ಷಗಳಿಗಿಂತ ಹೆಚ್ಚು ಕಾಲ ಬೇಕಾಯಿತು.

ವಜೀಫೆ ಎಂಬ ಮಾತು

1853ರಲ್ಲಿಯೇ ದಿವಾನಗಿರಿಗೆ ಬಂದ ಮೊದಲನೆಯ ಸಾಲಾರ್ ಜಂಗನು ಸಾಹುಕಾರರಿಗೂ ಅರಬ್ ಜಮಾದಾರರಿಗೂ ಒತ್ತೆ ಬಿದ್ದಿದ್ದ ಸೀಮೆಗಳನ್ನು ಬಿಡಿಸಿ, 1865ರ ಜಿಲ್ಲಾಬಂದಿಯಿಂದ ಆಡಳಿತಕ್ಕೆ ಕ್ರಮವನ್ನು ತಂದನು. ಕ್ರಮವಾದ ಸಂಬಳದೊಡನೆ ನಿವೃತ್ತರಿಗೆ ಕೊಡುವ ವಜೀಫೆಯೂ ಕಾಲಕ್ರಮದಲ್ಲಿ ರೂಢಿಗೆ ಬಂದಿತು. ಹೈದರಾಬಾದಿನ ಸರಕಾರಿ ಉರ್ದುವಿನಲ್ಲಿ ಅದರ ಪೂರ್ಣ ಹೆಸರು ‘ವಜೀಫ-ಎ-ಹುಸ್ನ್-ಎ-ಖಿದ್ಮತ್’. ಎಂದರೆ ಸೇವೆಯ ಸೊಬಗಿಗಾಗಿ ದಯಪಾಲಿಸಿದ ವೃತ್ತಿ. ಮಾತು ಸುಂದರವಾಗಿದ್ದರೂ ಅದರೊಳಗಿನ ಭಾವವು ಮೆಚ್ಚುಗೆಯದು, ಋಣದ್ದಲ್ಲ. ಮೆಚ್ಚಿದವನು ಕೊಡುತ್ತಾನೆ, ಎಂದು ಕೊಡುವನೆಂಬುದು ಅವನ ಚಿತ್ತ. ಕನ್ನಡದಲ್ಲಿ ಬಳಕೆಗೆ ಬಂದ ‘ವಿಶ್ರಾಂತಿ ವೇತನ’, ‘ನಿವೃತ್ತಿ ವೇತನ’ ಎಂಬ ಮಾತುಗಳಲ್ಲಿ ‘ವೇತನ’ ಎಂಬ ಪದವಿದೆ. ವೇತನವೆಂದರೆ ದುಡಿಮೆಗೆ ಪ್ರತಿಯಾಗಿ ಸಲ್ಲತಕ್ಕದ್ದು. ನ್ಯಾಯಾಲಯಗಳು ಬಹುಕಾಲದ ಅನಂತರ ತಲುಪಿದ ಅರ್ಥವನ್ನು ಈ ಪದಗಳು ಮೊದಲೇ ಹೊತ್ತಿದ್ದವು ಎನ್ನಬಹುದು.

ಬ್ರಿಟಿಷ್ ಭಾರತದ ಕಾನೂನೂ ಇದಕ್ಕಿಂತ ಉದಾರವಾಗಿರಲಿಲ್ಲ. 1871ರ ನಿವೃತ್ತಿ ವೇತನ ಕಾಯಿದೆಯ ನಾಲ್ಕನೆಯ ಕಲಮು ಇಂಥ ವೃತ್ತಿಗಳನ್ನು ಕುರಿತ ದಾವೆಗಳಿಗೆ ಸಿವಿಲ್ ನ್ಯಾಯಾಲಯದ ಬಾಗಿಲನ್ನು ಮುಚ್ಚಿದ್ದಿತು. ಬಡ್ಡಿಯ ವಿಷಯದಲ್ಲಿ 1839ರ ಬಡ್ಡಿ ಕಾಯಿದೆಯು ಇನ್ನೂ ಬಿಗಿಯಾಗಿದ್ದಿತು. ಲಿಖಿತ ಪತ್ರದ ಮೇರೆಗೆ ಗೊತ್ತಾದ ಮೊತ್ತವು ಗೊತ್ತಾದ ದಿನ ಸಲ್ಲಬೇಕಾಗಿರಬೇಕು. ಇಲ್ಲವಾದರೆ ಬಡ್ಡಿಯನ್ನು ಕೇಳಲಾಗುವುದೆಂದು ತಿಳಿಸಿ ಲಿಖಿತ ಬೇಡಿಕೆ ಕಳುಹಿಸಿರಬೇಕು. ಒಪ್ಪಂದವಾಗಲಿ ವಾಡಿಕೆಯಾಗಲಿ ಶಾಸನವಾಗಲಿ ಇಲ್ಲದೆಡೆ, ಹಣ ತಡವಾಯಿತೆಂಬ ಒಂದೇ ಕಾರಣದಿಂದ ದಾವೆಗೆ ಮುಂಚಿನ ಕಾಲಕ್ಕೆ ಬಡ್ಡಿ ದೊರೆಯದೆಂದು ಬೆಂಗಾಲ್ ನಾಗಪುರ ರೈಲ್ವೆಯ ಪ್ರಕರಣದಲ್ಲಿ 1938ರಲ್ಲಿ ಪ್ರಿವಿ ಕೌನ್ಸಿಲು ತೀರ್ಮಾನಿಸಿತು. ಆ ಪ್ರಕರಣವು ಗುತ್ತಿಗೆದಾರನೊಬ್ಬನಿಗೆ ಸಂಬಂಧಿಸಿದುದಾದರೂ ಅದರ ತತ್ತ್ವವು ಎಲ್ಲ ಬಾಕಿಗಳ ಮೇಲೆಯೂ ನೆರಳು ಚಾಚಿತು. ನಿವೃತ್ತ ನೌಕರನ ಕೈಯಲ್ಲಿ ದಿನ ಗೊತ್ತುಮಾಡಿದ ಪತ್ರವಿರಲಿಲ್ಲ. ಸಂಬಂಧಪಟ್ಟ ಇಲಾಖೆಯು ಮಂಜೂರು ಮಾಡಿದ ದಿನವೇ ಅವನ ಹಕ್ಕಿನ ಜನ್ಮದಿನವೆಂದು ಎಣಿಸಲ್ಪಡುತ್ತಿದ್ದಿತು.

ಗಡಿಗಳು ಬದಲಾದಾಗ

1948ರ ಸೆಪ್ಟೆಂಬರಿನಲ್ಲಿ ಹೈದರಾಬಾದು ಭಾರತದಲ್ಲಿ ಸೇರಿಹೋಯಿತು. 1950ರ ಏಪ್ರಿಲ್ 1ರಂದು ನಿಜಾಮನ ರೈಲ್ವೆಯೂ ಅಂಚೆಯೂ ಕೇಂದ್ರ ಸರಕಾರದ ಅಧೀನಕ್ಕೆ ಬಂದವು. 1956ರ ನವೆಂಬರ್ 1ರಂದು ಬೀದರ, ಗುಲ್ಬರ್ಗ, ರಾಯಚೂರು ಜಿಲ್ಲೆಗಳು ಮೈಸೂರು ರಾಜ್ಯದಲ್ಲಿ ಸೇರಿದವು. ಒಂದೇ ದಶಕದಲ್ಲಿ ಮೂರು ಸಲ ಒಡೆತನ ಬದಲಾದ ಈ ಕಾಲವನ್ನು ಸಾಮಾನ್ಯವಾಗಿ ರಾಜಕೀಯ ದೃಷ್ಟಿಯಿಂದ ವರ್ಣಿಸುವುದುಂಟು. ನಿವೃತ್ತಿಯ ಅಂಚಿನಲ್ಲಿದ್ದ ಗುಮಾಸ್ತನ ದೃಷ್ಟಿಯಿಂದ ನೋಡಿದರೆ ಅದು ಕಡತದ ಚರಿತ್ರೆಯಾಗಿದೆ.

ನಿವೃತ್ತಿ ವೇತನವನ್ನು ನಿಶ್ಚಯಿಸಬೇಕಾದರೆ ಸೇವೆಗೆ ಸೇರಿದಂದಿನಿಂದ ಬಿಟ್ಟಂದಿನವರೆಗಿನ ಪ್ರತಿಯೊಂದು ಅವಧಿಯೂ ತಾಳೆಯಾಗಬೇಕು. 1930ರ ದಶಕದಲ್ಲಿ ನಿಜಾಮನ ಸರಕಾರದ ಸೇವೆಗೆ ಸೇರಿ, ಮೈಸೂರು ರಾಜ್ಯಕ್ಕೆ ಹಂಚಲ್ಪಟ್ಟು, 1960ರ ದಶಕದಲ್ಲಿ ನಿವೃತ್ತನಾದ ಕನ್ನಡಿಗನ ಹಳೆಯ ದಾಖಲೆಗಳು ಉರ್ದುವಿನಲ್ಲಿದ್ದವು. ಹಳೆಯ ಸಂಬಳವು ಹಾಲಿ ಸಿಕ್ಕದಲ್ಲಿದ್ದಿತು. ಏಳು ಹಾಲಿ ರೂಪಾಯಿಗಳಿಗೆ ಆರು ಭಾರತೀಯ ರೂಪಾಯಿ ಎಂಬ ಪ್ರಮಾಣದಲ್ಲಿ ಎಪ್ಪತ್ತು ರೂಪಾಯಿಗಳ ಹಾಲಿ ವಜೀಫೆಯು ಅರುವತ್ತಕ್ಕೆ ಇಳಿಯುತ್ತಿದ್ದಿತು. ರಾಜ್ಯ ಪುನರ್ವಿಂಗಡನೆಯ ಕಾಯಿದೆಯು ನಿವೃತ್ತಿ ವೇತನದ ಹೊಣೆಯನ್ನು ರಾಜ್ಯಗಳ ನಡುವೆ ಹಂಚಿತು. ಅದರ 115ನೆಯ ಕಲಮು, ಹಂಚಿಕೆಯಾದ ನೌಕರರ ಸೇವಾ ನಿಯಮಗಳನ್ನು ಕೇಂದ್ರ ಸರಕಾರದ ಮುನ್ನೊಪ್ಪಿಗೆಯಿಲ್ಲದೆ ಅವರಿಗೆ ಅನನುಕೂಲವಾಗುವಂತೆ ಬದಲಿಸಕೂಡದೆಂದು ವಿಧಿಸಿತು. ಎಷ್ಟು ಸಲ್ಲಬೇಕು, ಯಾರು ಕೊಡಬೇಕು ಎಂಬ ಎರಡು ಪ್ರಶ್ನೆಗಳಿಗೆ ಹೀಗೆ ಉತ್ತರ ದೊರೆಯಿತು. ಎಂದಿನೊಳಗೆ ಕೊಡಬೇಕು, ತಪ್ಪಿದರೆ ಏನು ಎಂಬ ಮೂರನೆಯ ಪ್ರಶ್ನೆಗೆ ಅಲ್ಲಿ ಉತ್ತರವಿರಲಿಲ್ಲ. 2014ರಲ್ಲಿ ಆಂಧ್ರಪ್ರದೇಶವು ಒಡೆದು ತೆಲಂಗಾಣವಾದಾಗ ನಿವೃತ್ತಿ ವೇತನದ ಹೊಣೆಯನ್ನು ಹಂಚುವ ಕೆಲಸವು ಇದೇ ನಗರದಲ್ಲಿ ಇನ್ನೊಮ್ಮೆ ನಡೆಯಬೇಕಾಯಿತು.

ಕೃಪೆಯಿಂದ ಸೊತ್ತಿಗೆ

ಆ ಮೂರನೆಯ ಪ್ರಶ್ನೆಗೆ ಅಡಿಗಲ್ಲು ಬಿದ್ದುದು 1971ರಲ್ಲಿ. ಬಿಹಾರ ರಾಜ್ಯದ ಅಧಿಕಾರಿ ದೇವಕೀನಂದನ ಪ್ರಸಾದರ ಪ್ರಕರಣದಲ್ಲಿ ಸರ್ವೋಚ್ಚ ನ್ಯಾಯಾಲಯದ ಐವರು ನ್ಯಾಯಮೂರ್ತಿಗಳ ಪೀಠವು, ನಿವೃತ್ತಿ ವೇತನವು ಸರಕಾರದ ಇಚ್ಛೆಯನ್ನವಲಂಬಿಸಿದ ಅನುಗ್ರಹವಲ್ಲವೆಂದೂ, ನಿಯಮಗಳಿಂದಲೇ ಹುಟ್ಟುವ ಹಕ್ಕೆಂದೂ, ಆ ಹಕ್ಕು ಸೊತ್ತಿನ ಸ್ವರೂಪದ್ದೆಂದೂ ಸಾರಿತು. ಮಂಜೂರಾತಿಯ ಆಜ್ಞೆಯು ಹಕ್ಕನ್ನು ಹುಟ್ಟಿಸುವುದಿಲ್ಲ. ಮೊತ್ತವನ್ನು ಗೊತ್ತುಪಡಿಸುತ್ತದೆ, ಅಷ್ಟೆ. ಹೀಗೆ ಹಕ್ಕಿನ ಜನ್ಮದಿನವು ಮಂಜೂರಾತಿಯ ದಿನದಿಂದ ನಿವೃತ್ತಿಯ ದಿನಕ್ಕೆ ಸರಿಯಿತು. 1982ರ ಡಿಸೆಂಬರ್ 17ರಂದು ನಕಾರಾ ಪ್ರಕರಣದಲ್ಲಿ ಹೊರಬಿದ್ದ ತೀರ್ಪು ಇದೇ ತತ್ತ್ವವನ್ನು ವಿಸ್ತರಿಸಿ, ನಿವೃತ್ತಿ ವೇತನವನ್ನು ಹಿಂದಿನ ಸೇವೆಗೆ ಸಲ್ಲುವ ಪ್ರತಿಫಲವೆಂದೂ ಸಾಮಾಜಿಕ ಭದ್ರತೆಯ ಸಾಧನವೆಂದೂ ಬಣ್ಣಿಸಿತು.

ಬಡ್ಡಿಯ ಪ್ರಶ್ನೆಯು ನೇರವಾಗಿ ಎದ್ದುದು ಕೇರಳದಿಂದ ಬಂದ ಪದ್ಮನಾಭನ್ ನಾಯರ್ ಪ್ರಕರಣದಲ್ಲಿ. 1973ರ ಮೇ ತಿಂಗಳಲ್ಲಿ ನಿವೃತ್ತರಾದ ನೌಕರರಿಗೆ ನಿವೃತ್ತಿ ವೇತನವೂ ಉಪದಾನವೂ ಸಂದುದು 1975ರ ಆಗಸ್ಟಿನಲ್ಲಿ. ಎರಡು ವರ್ಷಗಳಿಗೂ ಮೀರಿದ ಈ ವಿಳಂಬಕ್ಕೆ ಕಾರಣವು ಅತ್ಯಲ್ಪವಾದುದು: ಜಿಲ್ಲಾ ಖಜಾನೆಯ ಅಧಿಕಾರಿಯು ಕೊಡಬೇಕಾದ, ಕೊನೆಯ ಸಂಬಳವನ್ನು ದೃಢಪಡಿಸುವ ಪ್ರಮಾಣಪತ್ರವು ಹೊರಡಲಿಲ್ಲ. ನೌಕರರು ಶೇಕಡ 12ರಂತೆ ಬಡ್ಡಿ ಕೇಳಿದರು. ಜಿಲ್ಲಾ ನ್ಯಾಯಾಲಯವು 6ರಂತೆ ಕೊಟ್ಟಿತು. ರಾಜ್ಯವು ಅದನ್ನೂ ಒಪ್ಪದೆ ಸರ್ವೋಚ್ಚ ನ್ಯಾಯಾಲಯದವರೆಗೆ ಹೋಯಿತು. 1984ರ ಡಿಸೆಂಬರಿನಲ್ಲಿ ಆ ನ್ಯಾಯಾಲಯವು ರಾಜ್ಯದ ವಾದವನ್ನು ತಳ್ಳಿಹಾಕಿ, ಇಂಥ ತಪ್ಪಿನಿಂದಾದ ವಿಳಂಬಕ್ಕೆ ಪೇಟೆಯ ದರದಲ್ಲಿ ಬಡ್ಡಿಯ ದಂಡ ತೆರಬೇಕೆಂದೂ, ನಿವೃತ್ತಿಯಿಂದ ಎರಡು ತಿಂಗಳು ಕಳೆದ ಕೂಡಲೆ ಆ ಹೊಣೆಯು ಆರಂಭವಾಗುವುದೆಂದೂ ತೀರ್ಪಿತ್ತಿತು. ಶೇಕಡ 12ನ್ನು ಕೊಡಲು ನ್ಯಾಯಾಲಯಕ್ಕೆ ಮನಸ್ಸಿದ್ದರೂ, ನೌಕರರು ಉಚ್ಚ ನ್ಯಾಯಾಲಯದಲ್ಲಿ ಪ್ರತ್ಯಾಕ್ಷೇಪವನ್ನು ಹೂಡದೆ 6ಕ್ಕೆ ಸಮ್ಮತಿಸಿದ್ದ ಕಾರಣ ಅದನ್ನು ಹೆಚ್ಚಿಸಲಾಗಲಿಲ್ಲ. ತಪ್ಪು ಮಾಡಿದ ಅಧಿಕಾರಿಯನ್ನು ದಾವೆಯಲ್ಲಿ ಪ್ರತಿವಾದಿಯಾಗಿ ಸೇರಿಸದಿದ್ದುದರಿಂದ ಅವನ ಮೇಲೆ ಹೊಣೆಯನ್ನು ಹೊರಿಸುವುದೂ ಸಾಧ್ಯವಾಗಲಿಲ್ಲ. ಈ ಎರಡು ಮಾತುಗಳು ಮುಂದಿನ ದಾವೆದಾರರಿಗೆ ಮೂಲತತ್ತ್ವದಷ್ಟೇ ಬೆಲೆಯುಳ್ಳ ಪಾಠಗಳಾಗಿವೆ.

ಕರ್ನಾಟಕದ ಒಂದು ವ್ಯಾಜ್ಯ

ಕೇರಳದ ತೀರ್ಪು ಸರಕಾರಿ ನೌಕರರನ್ನು ಕುರಿತದ್ದು. ಕಾರ್ಖಾನೆ, ಅಂಗಡಿ, ನಿಗಮಗಳಲ್ಲಿ ದುಡಿದವರಿಗೆ, ಜನರು ಗ್ರಾಚುಯಿಟಿಯೆಂದು ಕರೆಯುವ ಉಪದಾನವೇ ನಿವೃತ್ತಿಯ ಮುಖ್ಯ ಆಸರೆ. 1972ರ ಉಪದಾನ ಪಾವತಿ ಕಾಯಿದೆಯು ಐದು ವರ್ಷಗಳ ಸತತ ಸೇವೆಗೆ, ವರ್ಷಕ್ಕೆ ಹದಿನೈದು ದಿನಗಳ ವೇತನದಂತೆ ಇದನ್ನು ಶಾಸನದ ಹಕ್ಕಾಗಿ ಮಾಡಿತು. 1987ರ ಅಕ್ಟೋಬರ್ 1ರಿಂದ ಜಾರಿಗೆ ಬಂದ ತಿದ್ದುಪಡಿಯಲ್ಲಿ ದಿನವೂ ಬಡ್ಡಿಯೂ ಒಟ್ಟಿಗೆ ಬಂದವು: ಉಪದಾನವು ಸಲ್ಲತಕ್ಕದ್ದಾದ ಮೂವತ್ತು ದಿನಗಳೊಳಗೆ ಅದನ್ನು ಕೊಡಬೇಕು, ತಪ್ಪಿದರೆ ಸರಳ ಬಡ್ಡಿ ಸೇರಿಸಬೇಕು. ಕೇಂದ್ರ ಸರಕಾರವು ಅದರ ದರವನ್ನು ಶೇಕಡ 10 ಎಂದು ಗೊತ್ತುಪಡಿಸಿತು. ವಿಳಂಬವು ನೌಕರನ ತಪ್ಪಿನಿಂದಲೇ ಆಗಿದ್ದು, ಆ ಕಾರಣಕ್ಕಾಗಿ ಮಾಲೀಕನು ನಿಯಂತ್ರಣಾಧಿಕಾರಿಯ ಲಿಖಿತ ಅನುಮತಿಯನ್ನು ಪಡೆದಿದ್ದರೆ ಮಾತ್ರ ಬಡ್ಡಿಯಿಂದ ವಿನಾಯಿತಿ.

ಇದರ ತೂಕವನ್ನು ಒಂದು ಲೆಕ್ಕದಿಂದ ತಿಳಿಯಬಹುದು. ತಿಂಗಳಿಗೆ 26,000 ರೂಪಾಯಿ ವೇತನದಲ್ಲಿ ಮೂವತ್ತು ವರ್ಷ ದುಡಿದವನಿಗೆ, ತಿಂಗಳನ್ನು 26 ದಿನಗಳೆಂದು ಎಣಿಸುವ ನಿಯಮದಂತೆ, ವರ್ಷಕ್ಕೆ 15,000ದ ಪ್ರಕಾರ ಉಪದಾನವು 4,50,000 ರೂಪಾಯಿಗಳಾಗುತ್ತದೆ. ಅದು ಎರಡು ವರ್ಷ ತಡವಾದರೆ ಶೇಕಡ 10ರ ಬಡ್ಡಿಯು 90,000. ಅಂದರೆ ಮೂರು ತಿಂಗಳ ಸಂಬಳಕ್ಕೂ ಮಿಕ್ಕಿದ ಹಣ. ಸಂಬಳ ನಿಂತುಹೋದ ಮನೆಯಲ್ಲಿ ಇದು ಸಣ್ಣ ಮಾತಲ್ಲ.

ಈ ನಿಯಮವಿದ್ದೂ ಬಡ್ಡಿಯನ್ನು ಕೊಡುವುದು ಬಿಡುವುದು ನ್ಯಾಯಾಲಯದ ವಿವೇಚನೆಗೆ ಸೇರಿದ್ದೇ ಎಂಬ ಸಂದೇಹವು ಉಳಿದಿದ್ದಿತು. ಅದನ್ನು ಪರಿಹರಿಸಿದ್ದು ಕರ್ನಾಟಕ ಕೃಷಿ ಕೈಗಾರಿಕಾ ನಿಗಮದ ವಿರುದ್ಧ ಅದರ ನಿವೃತ್ತ ನೌಕರರೊಬ್ಬರು ನಡೆಸಿದ ಹೋರಾಟ. ಉಪದಾನವು ತಡವಾಗಿ ಸಂದಿದ್ದರೂ ಕರ್ನಾಟಕ ಉಚ್ಚ ನ್ಯಾಯಾಲಯವು ಅವರಿಗೆ ಬಡ್ಡಿಯನ್ನು ನಿರಾಕರಿಸಿದ್ದಿತು. 2003ರಲ್ಲಿ ಸರ್ವೋಚ್ಚ ನ್ಯಾಯಾಲಯವು ಆ ನಿರ್ಣಯವನ್ನು ಬದಿಗಿರಿಸಿ, ಶಾಸನದ ಮಾತು ಕಡ್ಡಾಯದ್ದೆಂದೂ, ಅದರಲ್ಲಿಯೇ ಹೇಳಿರುವ ವಿನಾಯಿತಿಯ ಹೊರತು ಬಡ್ಡಿಯನ್ನು ನಿರಾಕರಿಸುವ ವಿವೇಚನೆಗೆ ಎಡೆಯಿಲ್ಲವೆಂದೂ ಹೇಳಿ, ಶೇಕಡ 10ರ ಬಡ್ಡಿಯನ್ನು ಕೊಡಿಸಿತು. ಆ ತೀರ್ಪನ್ನಿತ್ತ ಪೀಠದಲ್ಲಿ ರಾಯಚೂರು ಜಿಲ್ಲೆಯ ಮಲದಕಲ್ಲಿನಲ್ಲಿ ಹುಟ್ಟಿ ಕಲಬುರಗಿಯಲ್ಲಿ ವಕೀಲಿ ನಡೆಸಿದ್ದ ನ್ಯಾಯಮೂರ್ತಿ ಶಿವರಾಜ ವಿ. ಪಾಟೀಲರು ಇದ್ದರು. ಒಂದೂವರೆ ಶತಮಾನದ ಹಿಂದೆ ಬಾಕಿ ಸಂಬಳದ ಸಾಲಕ್ಕಾಗಿ ಪರರ ವಶಕ್ಕೆ ಹೋಗಿದ್ದ ಸೀಮೆಯ ಹೆಸರು ಹೀಗೆ ಈ ಚರಿತ್ರೆಯಲ್ಲಿ ಮತ್ತೊಮ್ಮೆ ಕಾಣಿಸಿಕೊಳ್ಳುತ್ತದೆ. 1972ರ ಕಾಯಿದೆಯ ಸ್ಥಾನಕ್ಕೆಂದು ರಚಿತವಾದ 2020ರ ಸಾಮಾಜಿಕ ಭದ್ರತಾ ಸಂಹಿತೆಯಲ್ಲಿಯೂ ಮೂವತ್ತು ದಿನಗಳ ಗಡುವನ್ನೂ ಬಡ್ಡಿಯ ಹೊಣೆಯನ್ನೂ ಉಳಿಸಿಕೊಳ್ಳಲಾಗಿದೆ.

ದಂಡವೋ ಪರಿಹಾರವೋ

ಬಡ್ಡಿಯನ್ನು ಕೊಡಬೇಕೆಂಬ ವಿಧಿಯು ಯಾವ ನಿಯಮದಲ್ಲಿಯೂ ಇಲ್ಲದಿದ್ದರೆ? ಹರಿಯಾಣದ ಒಬ್ಬ ಮುಖ್ಯ ಇಂಜಿನಿಯರರು 1998ರಲ್ಲಿ ನಿವೃತ್ತರಾಗಿ, ಆರೋಪಗಳಿಂದ ಮುಕ್ತರಾದ ಮೇಲೆ, ನಾಲ್ಕು ವರ್ಷ ತಡವಾಗಿ ಹಣವನ್ನು ಪಡೆದಿದ್ದರು. ಅವರ ಪ್ರಕರಣದಲ್ಲಿ 2008ರಲ್ಲಿ ಸರ್ವೋಚ್ಚ ನ್ಯಾಯಾಲಯವು, ಶಾಸನದ ನಿಯಮವಾಗಲಿ ಆಡಳಿತ ಸೂಚನೆಯಾಗಲಿ ಇಲ್ಲದೆಡೆಯಲ್ಲಿಯೂ ಸಂವಿಧಾನದ 14, 19 ಮತ್ತು 21ನೆಯ ಅನುಚ್ಛೇದಗಳ ಆಧಾರದ ಮೇಲೆ ಬಡ್ಡಿಯನ್ನು ಕೇಳಬಹುದೆಂದು ಅಭಿಪ್ರಾಯಪಟ್ಟಿತು. 1839ರ ಕಾಯಿದೆಯು ಕೇಳುತ್ತಿದ್ದ ಲಿಖಿತ ಪತ್ರದ ಸ್ಥಾನದಲ್ಲಿ ಈಗ ಸಂವಿಧಾನವೇ ನಿಂತಿತೆನ್ನಬಹುದು.

ತೀರ ಈಚಿನ ಪರೀಕ್ಷೆಯು ಬಂದುದು 2020ರ ಮಹಾಮಾರಿಯ ಕಾಲದಲ್ಲಿ. ಆಂಧ್ರಪ್ರದೇಶ ಸರಕಾರವು ನೌಕರರ ಸಂಬಳದೊಡನೆ ನಿವೃತ್ತರ ವೇತನದ ಭಾಗವನ್ನೂ ಮುಂದಕ್ಕೆ ಹಾಕಿತು. ತೆಲಂಗಾಣ ಸರಕಾರವು ಇಂಥ ಮುಂದೂಡಿಕೆಗೆ ಆಧಾರವಾಗಿ ಆ ವರ್ಷದ ಜೂನಿನಲ್ಲಿ ಅಧ್ಯಾದೇಶವನ್ನು ಹೊರಡಿಸಿತು. ಆಂಧ್ರದ ಕ್ರಮವನ್ನು ನಿವೃತ್ತ ಜಿಲ್ಲಾ ನ್ಯಾಯಾಧೀಶರೊಬ್ಬರು ಪ್ರಶ್ನಿಸಿದಾಗ ಉಚ್ಚ ನ್ಯಾಯಾಲಯವು ಶೇಕಡ 12ರಂತೆ ಬಡ್ಡಿ ವಿಧಿಸಿತು. 2021ರ ಫೆಬ್ರವರಿ 8ರಂದು ಸರ್ವೋಚ್ಚ ನ್ಯಾಯಾಲಯವು ಬಡ್ಡಿಯ ಹೊಣೆಯನ್ನು ಎತ್ತಿಹಿಡಿದು ದರವನ್ನು ಮಾತ್ರ 6ಕ್ಕೆ ಇಳಿಸಿತು. ಸಂಬಳವೂ ನಿವೃತ್ತಿ ವೇತನವೂ ಹಕ್ಕಿನಿಂದ ಸಲ್ಲತಕ್ಕವು, ಆದರೆ ಬಡ್ಡಿಯನ್ನು ಸರಕಾರವನ್ನು ದಂಡಿಸುವ ಸಾಧನವನ್ನಾಗಿ ಬಳಸಕೂಡದು ಎಂದಿತು.

1984ರಲ್ಲಿ ‘ದಂಡ’ವೆಂದು ಕರೆದುದನ್ನು 2021ರಲ್ಲಿ ದಂಡವಲ್ಲವೆಂದುದು ವಿರೋಧದಂತೆ ತೋರಬಹುದು. ವಿಚಾರಿಸಿ ನೋಡಿದರೆ ಎರಡನೆಯ ಮಾತೇ ನಿವೃತ್ತರ ಹಕ್ಕನ್ನು ಹೆಚ್ಚು ಭದ್ರಗೊಳಿಸುತ್ತದೆ. ಬಡ್ಡಿಯು ದಂಡವಾದರೆ ಪ್ರತಿಯೊಂದು ವ್ಯಾಜ್ಯದಲ್ಲಿಯೂ ತಪ್ಪು ಯಾರದೆಂದು ಸಾಧಿಸಬೇಕಾಗುತ್ತದೆ. ಸರಕಾರಕ್ಕೆ ಸದುದ್ದೇಶವಿತ್ತೆಂದು ಹೇಳಿ ಪಾರಾಗುವ ದಾರಿಯೂ ತೆರೆಯುತ್ತದೆ. ಕೇಂದ್ರ ಸರಕಾರದ 1972ರ ನಿವೃತ್ತಿ ವೇತನ ನಿಯಮಗಳಲ್ಲಿ, ಆಡಳಿತದ ಲೋಪವು ಸ್ಪಷ್ಟವಾಗಿ ಸ್ಥಾಪಿತವಾದರೆ ಮಾತ್ರ ಉಪದಾನದ ಮೇಲೆ ಬಡ್ಡಿಯೆಂದು ಇದ್ದ ಷರತ್ತು ಈ ತೊಡಕಿನ ಉದಾಹರಣೆ. ಬಡ್ಡಿಯು ಬರಿಯ ಕಾಲದ ಬೆಲೆಯಾದರೆ ಮಹಾಮಾರಿಯ ಕಾಲದಲ್ಲಿಯೂ, ಯಾರ ತಪ್ಪೂ ಇಲ್ಲದಾಗಲೂ ಅದು ಸಲ್ಲುತ್ತದೆ. ದರವು ಕಡಿಮೆಯಾದರೂ ಹಕ್ಕು ವಿಶಾಲವಾಯಿತು.

ಎರಡು ಕುಂದುಗಳು ಇನ್ನೂ ಉಳಿದಿವೆ. ಬಡ್ಡಿಯ ದರವು ಪ್ರಕರಣದಿಂದ ಪ್ರಕರಣಕ್ಕೆ 6, 10, 12 ಎಂದು ಬೇರೆಬೇರೆಯಾಗಿದೆ. ಶಾಸನವು ಗೊತ್ತುಪಡಿಸಿದ ಕಡೆಯ ಹೊರತು ಮತ್ತೆಲ್ಲಿಯೂ ನಿವೃತ್ತನು ತನಗೆ ಬರತಕ್ಕುದನ್ನು ಮೊದಲೇ ಎಣಿಸಲಾರನು. ಎರಡನೆಯದಾಗಿ, ಬಡ್ಡಿಯು ಕೇಳಿದವನಿಗೆ ಮಾತ್ರ ದೊರೆಯುವುದು ವಾಡಿಕೆಯಾಗಿ ಉಳಿದಿದೆ. ಕೇಳುವುದಕ್ಕೆ ವಕೀಲನೂ ವರ್ಷಗಳೂ ಬೇಕು, ನಿವೃತ್ತನಲ್ಲಿ ವಿರಳವಾದುದು ಈ ವರ್ಷಗಳೇ. ಆದಾಗ್ಯೂ ನಡೆದು ಬಂದ ದೂರವು ಅಲ್ಪವಲ್ಲ. ಕೋಠಿಯ ರೆಸಿಡೆನ್ಸಿಯಲ್ಲಿ ಬಾಕಿ ಸಂಬಳದ ಲೆಕ್ಕ ಬರೆದ ಕಾಲದಲ್ಲಿ ವಿಳಂಬದ ಬಡ್ಡಿಯು ಸಾಲ ಕೊಟ್ಟವನ ಸೊತ್ತಾಗಿದ್ದಿತು. ಈಗ ಅದು ಕಾದವನ ಸೊತ್ತೆಂದು ನ್ಯಾಯಾಲಯಗಳು ಒಪ್ಪಿವೆ. ಆ ಸೊತ್ತು ವ್ಯಾಜ್ಯವಿಲ್ಲದೆ, ಮೂಲಧನದೊಡನೆಯೇ ನಿವೃತ್ತನ ಕೈಸೇರುವಂತೆ ಮಾಡುವುದು ಆಡಳಿತಕ್ಕೆ ಉಳಿದಿರುವ ಕೆಲಸ.